ದಂಡಪಾಣಿಗೆ ಕಟ್ಟಿದ ಬುತ್ತಿ

ನಮ್ಮ ಊರಿನಲ್ಲಿ ಧಾರಾವಾಹಿಯೊಳಗೆ ಯಾರಾದರೂ ಸತ್ತರೆ ಮರುದಿನ ಬೆಳಿಗ್ಗೆ ಮಜ್ಜಿಗೆ ಕಡೆಯುವ ಕೆಲಸ ನನ್ನದು. ಸತ್ತವರು ಸ್ಟುಡಿಯೋದ ಹಿಂದಿನ ಗೇಟಿನಿಂದ ಹೊರಗೆ ಬರುವಾಗ ಬಹಳ ಬಾಯಾರಿರುತ್ತಾರೆ. ಟೈಲರ್ ಜುಬೇದಮ್ಮ ಒಂದು ಜೊತೆ ಹೊಸ ಬಟ್ಟೆ ತರುತ್ತಾಳೆ, ಪಾಪ, ಎಷ್ಟೋ ಜನ ಕೆಂಪು ಬಣ್ಣ ಮೆತ್ತಿದ ಅಂಗಿಯಲ್ಲೇ ಬಂದುಬಿಡುತ್ತಾರೆ. ನಾವಿಬ್ಬರೂ ಗೇಟಿನ ಪಕ್ಕದ ಹೊಂಗೆ ಮರದ ನೆರಳಿನಲ್ಲಿ ಕೂತು ಕಾಯುತ್ತೇವೆ. ಬಂದವರಿಗೆ "ಬಂದಿರಾ, ಬನ್ನಿ" ಎನ್ನಬೇಕು, ಹೆಸರು ಕೇಳಬೇಕು, ಮಜ್ಜಿಗೆ ಕೊಡಬೇಕು. ಹೇಗೆ ಸತ್ತಿರಿ ಎಂದು ಮಾತ್ರ ಕೇಳಬಾರದು. ಹಿಂದಿನ ಸಂಜೆ ಎಲ್ಲರೂ ಟೀವಿಯಲ್ಲಿ ನೋಡಿಯೇ ಇರುತ್ತೇವೆ. ಮತ್ತೆ ಕೇಳಿ ಅವರಿಗೇಕೆ ನೋವು ಕೊಡುವುದು?

ಹೀರೋಗಳು ಸಾಯುವುದಿಲ್ಲ. ಆದ್ದರಿಂದ ಗೇಟಿನಿಂದ ಬರುವವರೆಲ್ಲ ಸಣ್ಣಪುಟ್ಟ ಪಾತ್ರದವರೇ: ಸೋದರಮಾವಂದಿರು, ಗುಮಾಸ್ತರು, ಹೆಡ್ ಕಾನ್‌ಸ್ಟೇಬಲ್ಲುಗಳು. ಅದರಲ್ಲಿ ನಮ್ಮ ಮನೆಯವರ ಪಾಲು ದೊಡ್ಡದು. ಇವರ ಹೆಸರು ಫಾಲಾಕ್ಷಯ್ಯ. ಹೆಸರು ಹೇಳಿದರೆ ಯಾರಿಗೂ ಗೊತ್ತಾಗುವುದಿಲ್ಲ, ಮುಖ ನೋಡಿದರೆ "ಅಯ್ಯೋ, ಇವರಾ!" ಅನ್ನುತ್ತಾರೆ. ನಲವತ್ತು ವರ್ಷಗಳಿಂದ ಟೀವಿಯಲ್ಲಿ ಸಾಯುತ್ತಲೇ ಇದ್ದಾರೆ. ಲಾರಿಗೆ ಸಿಕ್ಕಿದ್ದಾರೆ, ಬಾವಿಗೆ ಬಿದ್ದಿದ್ದಾರೆ, ಮಗಳ ಮದುವೆಯ ಹಿಂದಿನ ದಿನ ಎದೆ ಹಿಡಿದುಕೊಂಡು ಕುಸಿದಿದ್ದಂತೂ ಎಷ್ಟು ಸಲವೋ. ಹಾಗಾಗಿ ಊರ ತುಂಬ ನನ್ನ ಗಂಡನ ಮುಖದವರು. ತರಕಾರಿ ಮಾರ್ಕೆಟ್ಟಿನಲ್ಲಿ ಒಬ್ಬರು ಲಾಯರು ನನ್ನನ್ನು "ತಂಗೀ" ಎಂದು ಮಾತನಾಡಿಸುತ್ತಾರೆ, ಅಂಚೆ ತರುವವರು "ಅಮ್ಮಾವ್ರೇ" ಅನ್ನುತ್ತಾರೆ, ಆಂಜನೇಯನ ಗುಡಿಯ ಪೂಜಾರಿ ನನಗೆ ಒಂದು ಹೂವು ಹೆಚ್ಚಾಗಿಯೇ ಕೊಡುತ್ತಾರೆ. ಪರವೂರಿನ ಹೆಂಗಸರು "ನಿಮ್ಮ ಯಜಮಾನ್ರು ಯಾರು ಅಂತ ಹೆಂಗ್ರೀ ಗುರುತು ಹಿಡೀತೀರಿ?" ಎಂದು ನಗುತ್ತಾರೆ. ನಾನು ಬಿ.ಎ. ಓದಿದವಳು, ಆದರೆ ಇದಕ್ಕೆ ಓದು ಬೇಕಾಗಿಲ್ಲ. ಅಡುಗೆಮನೆಗೆ ಬಂದು ಕೇಳದೆ ಡಬ್ಬಿ ಮುಚ್ಚಳ ತೆಗೆಯುವವರು ಒಬ್ಬರೇ.

ಹೀಗೆ ಬಂದವರ ಕಷ್ಟ ಏನೆಂದರೆ, ನಟ ಏನು ಕೊಟ್ಟು ಕಳಿಸಿರುತ್ತಾನೋ ಅಷ್ಟೇ ಅವರ ಬಂಡವಾಳ. ಅದೂ ಟೀವಿಯಲ್ಲಿ ಜನ ನೋಡಿದ್ದು ಮಾತ್ರ. ಕೀರ್ತಿಚಂದ್ರ ಎಂಬ ಒಬ್ಬ ಚಂದದ ನಟನಿದ್ದಾನೆ, ಹುಬ್ಬಿನಿಂದಲೇ ಎಲ್ಲ ಮುಗಿಸುತ್ತಾನೆ. ಅವನು ಮಾಡಿದ ಒಬ್ಬ ಡಾಕ್ಟರು ಭೂಕಂಪದಲ್ಲಿ ಸತ್ತು ಹೊರಗೆ ಬಂದ. ಅವನಿಗೆ ಕನ್ನಡಕ ತೆಗೆದು "ನಮ್ಮ ಕೈಲಾದ್ದೆಲ್ಲ ಮಾಡಿದ್ವಿ" ಎನ್ನುವುದು ಬಿಟ್ಟರೆ ಇನ್ನೇನೂ ಬರದು. ಆಸ್ಪತ್ರೆಯವರು ಕೈಮುಗಿದುಬಿಟ್ಟರು. ಕೊನೆಗೆ ಮಿಕ್ಸಿ ರಿಪೇರಿ ಅಂಗಡಿಯವರು ಕರೆದು ಕೂರಿಸಿಕೊಂಡರು. ಕೆಟ್ಟ ಮಿಕ್ಸಿ ವಾಪಸ್ ಕೊಡುವಾಗ ಈ ಡಾಕ್ಟರು ಕನ್ನಡಕ ತೆಗೆದು ಆ ಮಾತು ಹೇಳಿದರೆ ಗಿರಾಕಿಗಳು ಜಗಳವಾಡದೆ ಕಣ್ಣೊರೆಸಿಕೊಂಡು ಹೋಗುತ್ತಾರೆ. ಅದೇ ಕೀರ್ತಿಚಂದ್ರನ ಇನ್ನೊಬ್ಬ ಖಳನಾಯಕನಿಗೆ ಬೆರಳು ತೋರಿಸಿ ಗಹಗಹಿಸುವುದು ಮಾತ್ರ ಗೊತ್ತು. ಹಪ್ಪಳ ಒಣಗಿಸುವ ಕಾಲದಲ್ಲಿ ಅವನನ್ನು ಮಹಡಿ ಮೇಲೆ ನಿಲ್ಲಿಸಿಕೊಳ್ಳುತ್ತೇವೆ. ಕೋತಿ ಹತ್ತಿರ ಸುಳಿಯುವುದಿಲ್ಲ.

ಇವರೂ ಮೊದಲು ಹಾಗೆಯೇ ಮಾಡಿದ್ದರು. ನಾನು ಮದುವೆಯಾಗಿ ಬಂದ ಹೊಸತು. ಮೊದಲ ಧಾರಾವಾಹಿ, ಶ್ರೀಮಂತರ ಮನೆಯ ಆಳಿನ ಪಾತ್ರ. "ಯಜಮಾನ್ರೇ, ಕಾರು ಬಂತು" ಎಂಬುದೊಂದೇ ಮಾತು, ಆಮೇಲೆ ಯಜಮಾನರಿಗೆ ಬರುವ ಗುಂಡಿಗೆ ಅಡ್ಡ ನಿಂತು ಸಾವು. ಇವರು ಆ ಮಾತನ್ನು ಗಟ್ಟಿಯಾಗಿ, ಎದೆಯುಬ್ಬಿಸಿ ಹೇಳಿ ಸತ್ತರು. ಮರುದಿನ ಆ ಆಳು ನಮ್ಮ ಮನೆಯ ಬಾಗಿಲಿಗೇ ಬಂದು ನಿಂತು "ಯಜಮಾನ್ರೇ, ಕಾರು ಬಂತು" ಎಂದ. ಬೀದಿಯಲ್ಲಿ ಕಾರಿರಲಿಲ್ಲ. ಕೂರು ಎಂದರೆ ಅದೇ ಮಾತು, ಏನು ಬೇಕಪ್ಪ ಎಂದರೆ ಅದೇ ಮಾತು. ಮಧ್ಯಾಹ್ನದ ಹೊತ್ತಿಗೆ ಅವನ ತುಟಿ ಒಣಗಿ, ಧ್ವನಿ ಸಣ್ಣಗಾಗಿ, ಹೊಟ್ಟೆಯ ಮೇಲೆ ಕೈ ಇಟ್ಟುಕೊಂಡು ಮತ್ತೆ ಅದನ್ನೇ ಅಂದ. ಆಗ ಇವರಿಗೆ ಹೊಳೆಯಿತು. ತಟ್ಟೆ ಹಾಕಿ ಅನ್ನ ಬಡಿಸಿದರು. ಅವನು ಉಣ್ಣುವುದನ್ನು ನೋಡುತ್ತ ಅತ್ತರು. "ಹಸಿವು ಅನ್ನೋಕೆ ನಾನು ಅವನಿಗೆ ಒಂದು ಮಾತೂ ಕೊಡ್ಲಿಲ್ವಲ್ಲ, ಮಂಗಳಾ" ಎಂದರು. ಆ ಆಳು ಈಗ ಕಲ್ಯಾಣ ಮಂಟಪದ ಬಾಗಿಲಲ್ಲಿ ನಿಂತು ಗಂಡಿನ ಕಡೆಯವರು ಬಂದಾಗ ಕೂಗಿ ಹೇಳುತ್ತಾನೆ, ಬೀಗರಿಗೆ ಬಡಿಸುವ ಮೊದಲು ಅವನಿಗೆ ಎಲೆ ಹಾಕುವುದು ಅಲ್ಲಿಯ ಪದ್ಧತಿ.

ಆವತ್ತಿನಿಂದ ಇವರು ಪ್ರತಿ ಪಾತ್ರಕ್ಕೂ ಬುತ್ತಿ ಕಟ್ಟಲು ಶುರು ಮಾಡಿದರು. ಹಾಗೆಂದು ಹೆಸರಿಟ್ಟವರೂ ಇವರೇ. ನಿರ್ದೇಶಕರು ಹೇಳದ, ಚಿತ್ರಕಥೆಯಲ್ಲಿ ಇಲ್ಲದ ಒಂದು ಸಣ್ಣ ಕೆಲಸವನ್ನು ಪಾತ್ರದ ಕೈಯಲ್ಲಿ ಮಾಡಿಸುವುದು. ಅಂಚೆಯವನು ಪತ್ರ ಕೊಡುವ ಮೊದಲು ಅದರ ಮೇಲೆ ಬಿದ್ದ ಹನಿಯನ್ನು ತೋಳಿನಿಂದ ಒರೆಸುತ್ತಾನೆ. ಲಾಯರು ತಾನು ಗೋಳು ಹುಯ್ದುಕೊಳ್ಳುವ ಸಾಕ್ಷಿಗೂ ಕುರ್ಚಿ ಎಳೆದುಕೊಡುತ್ತಾನೆ. ಒಬ್ಬ ಕುಡುಕ ಭಾವನ ಪಾತ್ರ ಬಂದಿತ್ತು. ಹೆಂಡತಿಗೆ ಹೊಡೆಯುವುದು, ಸಾಲ ಮಾಡುವುದು, ಸಾಯುವುದು ಇಷ್ಟೇ. ಇವರು ಏನು ಮಾಡಿದರು ಗೊತ್ತೇ? ತೂರಾಡುತ್ತ ಮನೆಗೆ ಬರುವಾಗ ಹೊಸಿಲ ಮುಂದಿನ ರಂಗೋಲಿ ತುಳಿಯದ ಹಾಗೆ ಕಾಲು ಎತ್ತಿ ಇಟ್ಟರು. ಕಣ್ಣು ಮಿಟುಕಿಸುವಷ್ಟರ ಕೆಲಸ. ಆ ಕುಡುಕ ಊರಿಗೆ ಬಂದ ಮೇಲೆ ಅದೊಂದು ಎಚ್ಚರವನ್ನೇ ಹಗ್ಗದಂತೆ ಹಿಡಿದುಕೊಂಡು ಮೆಲ್ಲಮೆಲ್ಲಗೆ ಮೇಲೆ ಬಂದ. ಈಗ ಕುಡಿಯುವುದಿಲ್ಲ. ನನ್ನನ್ನು ಅವ್ವ ಎನ್ನುತ್ತಾನೆ.

ಇವರಿಗೆ ಒಂದೇ ಒಂದು ಆಸೆ ಇತ್ತು. ಹೆಸರು. ಧಾರಾವಾಹಿ ಮುಗಿದ ಮೇಲೆ ಹೆಸರುಗಳು ಓಡುತ್ತವಲ್ಲ, ಅದರ ತೀರಾ ಕೊನೆಯಲ್ಲಿ ಇವರದು. "ಬಂತು ನೋಡು" ಎನ್ನುವಷ್ಟರಲ್ಲಿ ಹೋಗಿರುತ್ತಿತ್ತು. ನಲವತ್ತು ವರ್ಷದಲ್ಲಿ ನಾನು ಅದನ್ನು ಪೂರ್ತಿ ಓದಿದ್ದಿಲ್ಲ. "ಫಾಲಾ ತನಕ ಓದಿದೆ ಕಣ್ರೀ, ಕ್ಷಯ್ಯ ನಾಳೆ ಓದ್ತೀನಿ" ಎಂದು ನಾನು ಛೇಡಿಸುತ್ತಿದ್ದೆ. ಇವರು ನಗುತ್ತಿದ್ದರು, ಆದರೆ ಮರುದಿನವೂ ಟೀವಿಯ ಹತ್ತಿರ ಹೋಗಿ ಬಗ್ಗಿ ನಿಲ್ಲುತ್ತಿದ್ದರು.

ಹೀಗಿರುವಾಗ ಪರವೂರಿನಿಂದ ಮಧುಕೇಶ್ವರ ಎಂಬ ನಿರ್ದೇಶಕ ಬಂದ. ಚಿಕ್ಕ ವಯಸ್ಸು, ಚುರುಕು ಕಣ್ಣು, ಮಾಡಿದ್ದೆಲ್ಲ ಜನ ಮುಗಿಬಿದ್ದು ನೋಡುತ್ತಿದ್ದರು. ನಮ್ಮ ಮನೆಗೇ ಬಂದು ಕಾಫಿ ಕುಡಿಯುತ್ತ, "ಸಾರ್, ದಂಡಪಾಣಿ ಅಂತ ಒಂದು ಪಾತ್ರ. ಇಷ್ಟು ಕೆಟ್ಟವನನ್ನ ಟೀವಿ ಇದುವರೆಗೂ ನೋಡಿಲ್ಲ. ಮನೆಮಂದಿನೆಲ್ಲ ಹಿಂಡಿಬಿಡ್ತಾನೆ. ಕೊನೇ ಕಂತಲ್ಲಿ ಸಾಯ್ತಾನೆ. ನಿಮ್ಮ ಹೆಸರು ಮೊದಲು ಬರುತ್ತೆ, ಒಂದೇ ಬರುತ್ತೆ, ನಿಂತ್ಕೊಂಡು ಬರುತ್ತೆ" ಎಂದ. ಇವರ ಕಿವಿ ಕೆಂಪಗಾಗಿತ್ತು.

ಸುದ್ದಿ ಹಬ್ಬಿ ಪುರಸಭೆಯ ಅಧ್ಯಕ್ಷ ಉಗ್ರಪ್ಪನವರು ಬಂದರು. ಹೆಸರಷ್ಟೇ ಉಗ್ರ, ಇರುವೆ ಕಂಡರೆ ದಾರಿ ಬಿಡುವ ಮನುಷ್ಯ. "ಫಾಲಾಕ್ಷಯ್ಯನೋರೇ, ಕೈಮುಗೀತೀನಿ, ಈ ಪಾರ್ಟು ಬೇಡ. ಅವನು ಸತ್ತ ಮಾರನೇ ದಿನ ನಮ್ಮೂರಿಗೇ ಅಲ್ವಾ ಬರೋದು? ಎಲ್ಲಿ ಇಟ್ಕೊಳ್ಳಾನ ಅವನ್ನ? ಕೋತಿ ಓಡಿಸೋಕೆ ಈಗಾಗ್ಲೇ ಒಬ್ಬ ಅವ್ನೆ."

"ನಾನು ಬೇಡ ಅಂದ್ರೆ ಕೀರ್ತಿಚಂದ್ರನ್ನ ಕೇಳ್ತಾರಂತೆ" ಎಂದರು ಇವರು.

ಉಗ್ರಪ್ಪನವರು ಟೋಪಿ ತೆಗೆದು ಮೊಣಕಾಲ ಮೇಲಿಟ್ಟುಕೊಂಡರು. "ಹಂಗಾದ್ರೆ ನೀವೇ ಮಾಡಿ. ಆದರೆ ದೊಡ್ಡ ಬುತ್ತಿನೇ ಕಟ್ಟಬೇಕು, ಸ್ವಾಮೀ."

"ಕಟ್ತೀನಿ" ಎಂದು ಇವರು ಮಾತು ಕೊಟ್ಟರು.

ಆದರೆ ಮಧುಕೇಶ್ವರನಿಗೆ ಈ ಗುಟ್ಟು ಗೊತ್ತಾಗಿಬಿಟ್ಟಿತು. ಮೊದಲ ವಾರ ದಂಡಪಾಣಿ ಮನೆಯ ಹಸುವಿನ ಕೊರಳು ತುರಿಸಿದ. ಆ ತುಂಡು ಟೀವಿಯಲ್ಲಿ ಬರಲಿಲ್ಲ. ಮೆಟ್ಟಿಲ ಮೇಲೆ ಬಿದ್ದಿದ್ದ ಮಗುವಿನ ಗಿಲಕಿಯನ್ನು ಪಕ್ಕಕ್ಕಿಟ್ಟ, ಅದೂ ಬರಲಿಲ್ಲ. ಮಧುಕೇಶ್ವರ ಇವರನ್ನು ಕರೆದು ನಯವಾಗಿಯೇ ಹೇಳಿದ: "ಸಾರ್, ನಿಮ್ಮ ಬುತ್ತಿ ವಿಚಾರ ನನ್ನ ಕಿವಿಗೆ ಬಿದ್ದಿದೆ. ಈ ದಂಡಪಾಣಿ ಬರಿಗೈಲಿ ಹೋಗ್ಬೇಕು. ಒಳ್ಳೇದು ಅಂತ ಒಂದು ಸಾಸಿವೆ ಕಾಳು ಕಂಡ್ರೂ ಕತ್ತರಿಸ್ತೀನಿ. ನೋಡೋರಿಗೆ ಭಯ ಆಗ್ಬೇಕು ಸಾರ್."

"ನೋಡಿ ಟೀವಿ ಆರಿಸೋರಿಗೆ ಭಯ ಸಾಕು ಕಣಪ್ಪಾ. ನಾವು ಅವನ ಜೊತೆ ಬಾಳಬೇಕು" ಎಂದರಂತೆ ಇವರು. ಅವನು ನಕ್ಕು, "ನನ್ನೂರಿಗೆ ಬರಲ್ವಲ್ಲ" ಎಂದನಂತೆ.

ಇವರು ಮಂಕಾದರು. ಡಬ್ಬಿಯ ಮುಚ್ಚಳ ತೆಗೆಯುವುದನ್ನೂ ಬಿಟ್ಟರು. ಶೂಟಿಂಗ್ ಇಲ್ಲದ ದಿನ ಬಸ್ ನಿಲ್ದಾಣದ ಕಲ್ಲುಬೆಂಚಿನ ಮೇಲೆ ಕೂತು ಹೋಗಿಬರುವವರನ್ನು ಸುಮ್ಮನೆ ನೋಡುತ್ತಿದ್ದರು. ಯಾರು ಯಾವ ಕಾಲು ಎಳೆಯುತ್ತಾರೆ, ಯಾರು ಸೆರಗಿನಲ್ಲಿ ಏನು ಮುಚ್ಚಿಕೊಳ್ಳುತ್ತಾರೆ, ಯಾರು ನಗುವಾಗ ಬಾಯಿಗೆ ಕೈ ಅಡ್ಡ ಹಿಡಿಯುತ್ತಾರೆ. ಸ್ವಲ್ಪ ದಿನಕ್ಕೆ ಆ ನೋಟ ಟೀವಿಯಲ್ಲಿ ಕಾಣಿಸಿತು. ದಂಡಪಾಣಿ ಈಗ ಕೂಗಾಡುವುದನ್ನು ಬಿಟ್ಟಿದ್ದ. ಎದುರಿಗಿದ್ದವರನ್ನು ಬಹಳ ಹೊತ್ತು ನೋಡುತ್ತಿದ್ದ. ಆಮೇಲೆ ಮೆತ್ತಗೆ, "ರಾಮಣ್ಣ, ನಿನ್ನ ಎಡ ಮೊಣಕಾಲು ನೋಯ್ತಿದೆ ಅಲ್ವಾ?" ಎನ್ನುತ್ತಿದ್ದ. ಆಳು ರಾಮಣ್ಣ ಬೆರಗಾಗಿ ಹೌದೆಂದರೆ, "ಹಾಗಾದ್ರೆ ಮಹಡಿ ಮೆಟ್ಟಿಲು ಹತ್ತಿ ಇಳೀತಾ ಇರು, ನಾನು ಸಾಕು ಅನ್ನೋ ತನಕ" ಎನ್ನುತ್ತಿದ್ದ. ಎಲ್ಲಿ ನೋವಿದೆಯೋ ಅಲ್ಲೇ ಬೆರಳಿಟ್ಟು ಒತ್ತುವುದು. ಮಧುಕೇಶ್ವರ ಕುಣಿದಾಡಿದ. ಅದರಲ್ಲಿ ಒಂದು ಚೂರನ್ನೂ ಕತ್ತರಿಸಲಿಲ್ಲ.

ಊರು ಹೆದರಿತು. ಆ ಮುಖ ಕಂಡರೆ ಸಾಕು, ಜನ ಬಾಗಿಲು ಹಾಕಿಕೊಳ್ಳತೊಡಗಿದರು. ಅಂಚೆಯವರು ಪತ್ರವನ್ನು ಕಿಟಕಿಯಿಂದ ಹಾಕಿ ಹೋಗಬೇಕಾಯಿತು. ಪೂಜಾರಿಯ ಕೈಯ ತೀರ್ಥ ತೆಗೆದುಕೊಳ್ಳಲು ಹೆಂಗಸರು ಹಿಂಜರಿದರು. ಕುಡಿತ ಬಿಟ್ಟವನು ಒಂದು ಸಂಜೆ ಬಂದು, "ಅವ್ವಾ, ನಂಗೆ ಬುತ್ತಿ ಕಟ್ಟಿದ ಕೈ ಇವನಿಗ್ಯಾಕೆ ಚೂರಿ ಕಟ್ತಾ ಇದೆ?" ಎಂದು ಕೇಳಿದ. ಅವನಿಗೆ ಇಷ್ಟು ಉಪ್ಪಿಟ್ಟು ಕೊಟ್ಟು ಕಳಿಸಿದೆ.

ಕೊನೆಯ ಕಂತಿನ ಶೂಟಿಂಗ್ ಮುಗಿಸಿ ಇವರು ಬಂದಾಗ ನಾನು ಅಂಗಳದಲ್ಲಿ ಅಕ್ಕಿ ಆರಿಸುತ್ತಿದ್ದೆ. "ಏನಾಯ್ತು ಹೇಳಿ" ಎಂದೆ.

ದಂಡಪಾಣಿಯ ಸಾವು ಹೀಗೆ ಬರೆದಿತ್ತು: ಮಹಡಿಯಿಂದ ಬಿದ್ದು ರಕ್ತದಲ್ಲಿ ಮಲಗಿದ್ದಾನೆ. ಅವನ ಸೊಸೆ ಗೌರಿ ಎದುರಿಗೆ ನಿಂತಿದ್ದಾಳೆ. ಅವಳ ಹಸುಗೂಸು ಜ್ವರದಿಂದ ಹೋಗಿತ್ತು, ಆ ಹೊತ್ತಿನಲ್ಲಿ ಬಳಲಿ ತಾನು ನಿದ್ದೆಹೋಗಿದ್ದೆ ಎಂಬುದನ್ನು ಅವಳು ಯಾರಿಗೂ ಹೇಳಿಲ್ಲ. ದಂಡಪಾಣಿ ಮಾತ್ರ ಅದನ್ನು ಕಂಡುಹಿಡಿದಿದ್ದಾನೆ. ಕೊನೆಯ ಉಸಿರಿನಲ್ಲಿ ಅದನ್ನು ಎಲ್ಲರ ಮುಂದೆ ಹೇಳಿ ಸಾಯಬೇಕು.

"ಬಾಯಿ ತೆರೆದೆ, ಮಂಗಳಾ" ಎಂದರು ಇವರು. "ಆ ಹುಡುಗಿ ನನ್ನನ್ನೇ ನೋಡ್ತಾ ನಿಂತಿದ್ಲು. ಮಾತು ನಾಲಿಗೆ ತುದೀಲಿತ್ತು. ಬಾಯಿ ಮುಚ್ಚಿದೆ. ಸತ್ತೆ."

"ಮಧುಕೇಶ್ವರ ಸುಮ್ಮನಿದ್ನಾ?"

"ಡೈಲಾಗ್ ಸಾರ್, ಡೈಲಾಗ್ ಅಂತ ಓಡಿಬಂದ. ಮತ್ತೆ ತೆಗೆದ, ಹೇಳಿದೆ. ಆಮೇಲೆ ಎರಡನ್ನೂ ಹಾಕಿ ನೋಡಿದ. ತುಂಬ ಹೊತ್ತು ನೋಡಿದ. ಹೇಳದೆ ಸತ್ತಿದ್ದೇ ಜಾಸ್ತಿ ಭಯಂಕರವಾಗಿದೆ ಸಾರ್, ವಿಷ ಗಂಟಲಲ್ಲೇ ನಿಂತ ಹಾಗಿದೆ, ಇದನ್ನೇ ಇಟ್ಕೋತೀನಿ ಅಂದ."

"ಹಾಗಾದ್ರೆ ಬುತ್ತಿ ಕಟ್ಟಿದ್ರಿ."

"ಗೊತ್ತಿಲ್ಲ ಕಣೆ. ಏನನ್ನೂ ಕೊಡೋಕೆ ಅವನು ಬಿಡ್ಲಿಲ್ಲ. ಕೈಲಿದ್ದ ಕಲ್ಲನ್ನ ಒಂದು ಸಲ ಎಸೀದ ಹಾಗೆ ತಡೆದೆ, ಅಷ್ಟೆ. ಅದು ಬುತ್ತಿನಾ?" ಎಂದು ಕೇಳಿ ಇವರು ನಾನು ಆರಿಸಿಟ್ಟ ಅಕ್ಕಿಯಲ್ಲಿ ಕೈಯಾಡಿಸುತ್ತ ಕೂತರು.

ಕಂತು ಪ್ರಸಾರವಾದ ಸಂಜೆ ಬೀದಿಯಲ್ಲಿ ನಾಯಿಯೂ ಬೊಗಳಲಿಲ್ಲ. ನಮ್ಮ ಮನೆಯಲ್ಲಿ ನೆರೆಹೊರೆಯವರೆಲ್ಲ ಕೂಡಿದ್ದರು. ಇವರು ತಮ್ಮ ಸಾವನ್ನು ನೋಡುವವರಲ್ಲ, ಜಗುಲಿಯ ಮೇಲೆ ಕೂತಿದ್ದರು. ದಂಡಪಾಣಿ ಬಾಯಿ ತೆರೆದಾಗ ಜುಬೇದಮ್ಮ ನನ್ನ ಕೈ ಹಿಡಿದುಕೊಂಡಳು. ಅವನು ಬಾಯಿ ಮುಚ್ಚಿ ಸತ್ತ. ಮೊದಲು ಇವರ ಹೆಸರೇ ಬಂತು, ಒಂದೇ ಬಂತು, ನಿಂತುಕೊಂಡು ಬಂತು. ನಾನು ಇದ್ದಬದ್ದ ಧ್ವನಿಯಲ್ಲಿ ಪೂರ್ತಿ ಓದಿದೆ. ಜಗುಲಿಯಿಂದ ಇವರು, "ನೋಡಿದೆ ಅಂತ ಇಟ್ಕೋ. ನಾಳೆ ಬೆಳಿಗ್ಗೆದು ಹೇಳು" ಎಂದರು.

ಬೆಳಿಗ್ಗೆ ಹೊಂಗೆ ಮರದ ಕೆಳಗೆ ಇಡೀ ಊರು ನಿಂತಿತ್ತು, ಆದರೆ ದೂರದಲ್ಲಿ. ಮುಂದೆ ನನ್ನ ಗಂಡನ ಮುಖದವರೆಲ್ಲ ಸಾಲಾಗಿ ನಿಂತಿದ್ದರು. ಆ ಮುಖದಿಂದ ಕೇಡಾಗುವುದಾದರೆ ಆ ಮುಖದವರೇ ತಡೆಯಬೇಕು ಎಂದು ಲಾಯರು ವಾದಿಸಿ ಒಪ್ಪಿಸಿದ್ದರಂತೆ. ಇವರು ಅವರ ನಡುವೆ ಎಲ್ಲೋ ಇದ್ದರು. ಮಧುಕೇಶ್ವರನ ಕಾರು ಊರು ಬಿಡಲು ಸಿದ್ಧವಾಗಿ ರಸ್ತೆಯಲ್ಲಿ ನಿಂತಿತ್ತು, ಅವನು ಅದರ ಹಿಂದೆ. ಗೇಟಿನ ಹತ್ತಿರ ನಾನು ಮಜ್ಜಿಗೆಯ ಬಿಂದಿಗೆ ಹಿಡಿದು ನಿಂತಿದ್ದೆ, ಜುಬೇದಮ್ಮ ಬಟ್ಟೆ ಹಿಡಿದು. ಉಗ್ರಪ್ಪನವರು ನನ್ನ ಹಿಂದೆ ಬಂದು ನಿಂತರು. ಹೆದರುವ ಮನುಷ್ಯ ಹಾಗೆ ಬಂದು ನಿಂತಿದ್ದು ನಾನು ಮರೆಯುವುದಿಲ್ಲ.

ಗೇಟು ತೆರೆಯಿತು. ರೇಷ್ಮೆ ಅಂಗಿಯ ತುಂಬ ಕೆಂಪು. ದಂಡಪಾಣಿ ಹೊರಗೆ ಬಂದು ನಿಂತು ಎಲ್ಲರನ್ನೂ ನೋಡಿದ, ಟೀವಿಯಲ್ಲಿ ನೋಡುತ್ತಿದ್ದ ಹಾಗೆಯೇ, ನಿಧಾನವಾಗಿ, ಒಬ್ಬೊಬ್ಬರನ್ನೇ. ಅವನ ಕಣ್ಣು ತಾಗಿದವರೆಲ್ಲ ತಲೆ ತಗ್ಗಿಸಿದರು. ಕೊನೆಗೆ ನನ್ನ ಮೇಲೆ ನಿಂತಿತು.

"ಬಂದಿರಾ, ಬನ್ನಿ" ಎಂದೆ. ಲೋಟ ತುಂಬಿ ಚಾಚಿದೆ.

ಅವನು ಲೋಟ ಮುಟ್ಟಲಿಲ್ಲ. ನನ್ನ ತೋಳನ್ನೇ ನೋಡಿದ. "ಬಲಗೈ ಭುಜದಿಂದ ಮೇಲಕ್ಕೆ ಏಳ್ತಿಲ್ಲ" ಎಂದ. "ತುಂಬ ದಿನದ ನೋವು. ಮನೇಲಿ ಯಾರಿಗೂ ಹೇಳಿಲ್ಲ."

ಅದು ನಿಜ. ಮಳೆಗಾಲ ಶುರುವಾದಾಗಿನಿಂದ ಆ ಭುಜ ಹಿಡಿದುಕೊಂಡಿತ್ತು, ಇವರ ಚಿಂತೆಯ ನಡುವೆ ನನ್ನದೇನು ಎಂದು ಬಾಯಿ ಬಿಟ್ಟಿರಲಿಲ್ಲ. ಗುಂಪಿನಲ್ಲಿ ಯಾರೋ "ಅಯ್ಯೋ ದೇವರೇ" ಎಂದರು. ಧಾರಾವಾಹಿಯಲ್ಲಿ ಇದಾದ ಮೇಲೆ ಏನು ಬರುತ್ತದೆಂದು ಎಲ್ಲರಿಗೂ ಗೊತ್ತು. ಅವನು ಬಾಯಿ ತೆರೆದ. ಅವನ ಗಂಟಲು ಒಮ್ಮೆ ಕೆಳಗೆ ಹೋಗಿ ಮೇಲೆ ಬಂತು. ಬಾಯಿ ಮುಚ್ಚಿತು. ಏನನ್ನೋ ನುಂಗಿಕೊಂಡವನ ಹಾಗೆ ಸ್ವಲ್ಪ ಹೊತ್ತು ನಿಂತಿದ್ದ, ತನಗೇ ಆಶ್ಚರ್ಯವಾದವನ ಹಾಗೆ. ಆಮೇಲೆ ಎರಡು ಹೆಜ್ಜೆ ಮುಂದೆ ಬಂದು ನನ್ನ ಕೈಯಿಂದ ಬಿಂದಿಗೆಯನ್ನು ತೆಗೆದುಕೊಂಡು ತನ್ನ ಸೊಂಟಕ್ಕೆ ಇಟ್ಟುಕೊಂಡ.

"ಕೂತ್ಕೊಳ್ಳಿ" ಎಂದ. "ಯಾರ್ಯಾರಿಗೆ ಕೊಡಬೇಕು ಹೇಳಿ, ನಾನು ಕೊಡ್ತೀನಿ."

ಮೊದಲ ಲೋಟ ಉಗ್ರಪ್ಪನವರಿಗೆ ಹಿಡಿದವನು ಹಾಗೇ ಹಿಂದೆ ತೆಗೆದುಕೊಂಡ. "ಇದರಲ್ಲಿ ಉಪ್ಪಿದೆ. ನಿಮಗೆ ಆಗಲ್ಲ ಅಲ್ವಾ? ಪಾದ ಊದಿದೆ."

"ಏ ಇವ್ನ! ನನ್ ಹೆಂಡ್ತಿಗೇ ಗೊತ್ತಿಲ್ಲ ಕಣಯ್ಯಾ ಅದು!" ಎಂದರು ಉಗ್ರಪ್ಪನವರು. ಹಿಂದಿನಿಂದ ಅವರ ಹೆಂಡತಿಯ ಧ್ವನಿ ಬಂತು: "ಏನು? ಏನು ಊದಿದೆ ಅಂದ್ರಿ?" ಅಷ್ಟು ಸಾಕಾಯಿತು. ಇಡೀ ಗುಂಪು ಕೊಳ್ಳೆಂದು ನಕ್ಕಿತು. ಎಷ್ಟೋ ದಿನದಿಂದ ನಗದ ಊರು ಅದು; ನಗು ನಿಲ್ಲಲೇ ಇಲ್ಲ. ಜನ ಮುಂದೆ ನುಗ್ಗಿದರು. ಯಾರೋ ಓಡಿಹೋಗಿ ಹಾರ ತಂದರು, ಆತುರದಲ್ಲಿ ಅದನ್ನು ಅಂಚೆಯವರ ಕೊರಳಿಗೆ ಹಾಕಿ, ಬೈಸಿಕೊಂಡು, ಪೂಜಾರಿಗೆ ಹಾಕಿ, ಮೂರನೆಯ ಸಲಕ್ಕೆ ನನ್ನ ಗಂಡನಿಗೆ ಹಾಕಿದರು. ಲಾಯರು, ಅಂಚೆಯವರು, ಕುಡಿತ ಬಿಟ್ಟವನು ಎಲ್ಲರೂ ಸೇರಿ ಇವರನ್ನು ಹೆಗಲ ಮೇಲೆ ಎತ್ತಿಕೊಂಡರು. ತಮ್ಮದೇ ಮುಖದ ಇಷ್ಟು ಜನರ ಹೆಗಲೇರಿ ಮೆರೆದವರು ಲೋಕದಲ್ಲಿ ಇನ್ನೊಬ್ಬರಿದ್ದಾರೋ ಇಲ್ಲವೋ. ಮೆರವಣಿಗೆ ಮಾರ್ಕೆಟ್ಟು ದಾಟಿ ಕೆರೆ ಏರಿಯವರೆಗೂ ಹೋಯಿತು. ದಂಡಪಾಣಿ ಬಿಂದಿಗೆ ಹಿಡಿದು ಜೊತೆಗೇ ನಡೆದ, ಬಾಯಾರಿದವರನ್ನು ಅವರು ಕೇಳುವ ಮೊದಲೇ ಗುರುತಿಸುತ್ತ.

ಮನೆಗೆ ಬಂದ ಮೇಲೆ ಇವರು ಎಣ್ಣೆ ಬಿಸಿ ಮಾಡಿ ತಂದು ನನ್ನ ಭುಜಕ್ಕೆ ತಿಕ್ಕಿದರು. "ಅವನಿಗೆ ಆ ಕಣ್ಣು ಕೊಟ್ಟೋನು ನಾನು. ನನಗೇ ಇದು ಕಾಣಿಸ್ಲಿಲ್ವಲ್ಲೇ" ಎಂದರು.

"ನೀವು ಬಸ್ ಸ್ಟ್ಯಾಂಡಲ್ಲಿದ್ರಿ" ಎಂದೆ. "ಸ್ವಲ್ಪ ಮೇಲೆ ತಿಕ್ಕಿ."

ದಂಡಪಾಣಿಯನ್ನು ಆಸ್ಪತ್ರೆಯವರು ಹಟ ಹಿಡಿದು ಕೇಳಿ ಕರೆದುಕೊಂಡು ಹೋದರು. ಚೀಟಿ ಮಾಡಿಸುವ ಸಾಲಿನ ಪಕ್ಕ ಅವನಿಗೊಂದು ಸ್ಟೂಲು. ಹೇಳಿಕೊಳ್ಳಲಾರದವರನ್ನು, ನಾಚಿಕೆಯಿಂದ ಹಿಂದೆ ನಿಂತವರನ್ನು ಅವನು ಕೈಹಿಡಿದು ಮುಂದೆ ಕಳಿಸುತ್ತಾನೆ. ಒಮ್ಮೊಮ್ಮೆ ಅವನ ಬಾಯಿ ತೆರೆಯುವುದುಂಟು, ಯಾವುದೋ ಕೆಟ್ಟ ಮಾತು ತುದಿಯವರೆಗೆ ಬಂದದ್ದು ನೋಡಿದವರಿಗೆ ತಿಳಿಯುತ್ತದೆ. ಆಗೆಲ್ಲ ಪಕ್ಕದವರು ಬೇರೆ ಕಡೆ ನೋಡುತ್ತ ಅವನಿಗೆ ನುಂಗಿಕೊಳ್ಳಲು ಬಿಡುತ್ತಾರೆ.

ಮಧುಕೇಶ್ವರ ಆ ದಿನ ಊರು ಬಿಡಲಿಲ್ಲ. ಒಂದು ವಾರದ ಮೇಲೆ ನಮ್ಮ ಮನೆಗೆ ಬಂದ, ಚಪ್ಪಲಿ ಹೊರಗೆ ಬಿಟ್ಟು, ಇವರ ಪಕ್ಕದಲ್ಲಿ ಚಾಪೆಯ ಮೇಲೆ ಕೂತ. "ಸಾರ್, ಹೊಸ ಧಾರಾವಾಹಿ ಬರೀತಿದೀನಿ. ಈ ಸಲ ನೀವೇ ಹೀರೋ. ಮೊದಲಿಂದ ಕೊನೇ ತನಕ ನೀವೇ ಇರ್ತೀರಿ. ಹೆಸರು ಪರದೆ ತುಂಬ ಬರುತ್ತೆ" ಎಂದ.

ಇವರು ಕಾಫಿ ಲೋಟವನ್ನು ಕೆಳಗಿಟ್ಟರು.

"ಕೊನೇಲಿ ಸಾಯ್ತಾನಾ?"

"ಛೆ ಛೆ, ಇಲ್ಲ ಸಾರ್! ಹೀರೋ ಎಲ್ಲಾದ್ರೂ ಸಾಯ್ತಾನಾ?"

"ಹಾಗಾದ್ರೆ ಕೀರ್ತಿಚಂದ್ರನ್ನ ಕೇಳಪ್ಪಾ" ಎಂದರು ಇವರು. "ಆ ಕತೇಲಿ ಸಾಯೋರು ಯಾರ್ಯಾರು ಇದ್ದಾರೆ, ಅದನ್ನ ಹೇಳು."